ಭಟ್ಟಿ ಬೀದಿಯ ಕೂಸಿಗೆ ಸಂಜೆ ದಿಕ್ಕು ಯಾರು?

ದಾವಣಗೆರೆ ಖಾರಾ ಮಂಡಕ್ಕಿ ತಿನ್ನದವರು ಯಾರು? ಆದರೆ ಆ ಮಂಡಕ್ಕಿ ಅರಳುವ ಭಟ್ಟಿ ಪಕ್ಕದ ಮನೆಗಳಲ್ಲಿ ಇಣುಕಿ ನೋಡಿದವರೆಷ್ಟು ಮಂದಿ?

ಅಂಥ ಒಂದು ಮನೆಯಲ್ಲಿ ನಾಲ್ಕು ವರ್ಷದ ಹುಡುಗಿಯೊಬ್ಬಳಿದ್ದಾಳೆ. ಅಪ್ಪ ಕಾದ ಮರಳಲ್ಲಿ ಅಕ್ಕಿ ಹುರಿಯುವಾತ. ಕೂಲಿ ಕೈಗೆ ಬಂದರೆ ಅರ್ಧ ಕುಡಿತಕ್ಕೆ. ಅವ್ವ ಮಂಡಕ್ಕಿ ಜರಡಿ ಹಿಡಿದು ಚೀಲ ತುಂಬುವಾಕೆ. ಬೆಳಿಗ್ಗೆ ಎದ್ದರೆ ಕೂಸು ಅಂಗನವಾಡಿಗೆ. ಹಾಲು, ಊಟ, ಆಟ ಎಲ್ಲಾ ಅಲ್ಲೇ. ಅದು ಬಾಗಿಲು ಹಾಕಿದ ಮೇಲೆ? ಅವ್ವನ ಕೆಲಸ ಮುಗಿಯುವ ತನಕ ಭಟ್ಟಿಯ ಹೊಗೆಯಲ್ಲೇ, ಚೀಲದ ಮೇಲೆ ನಿದ್ದೆ. ನಡುನಡುವೆ ಕೆಮ್ಮು.

ರಾತ್ರಿ ಜಗಳ ಜೋರಾದರೆ ಅವ್ವನ ಸೆರಗಿನಡಿ. ಬೆಳಗಾದರೆ ಅದೇ ಅಪ್ಪನ ಹೆಗಲ ಮೇಲೆ ಸವಾರಿ!

"ಕುಡೀತಾನೆ, ಸುಳ್ಳ್ಯಾಕೆ ಹೇಳ್ಲಿ? ಆದ್ರೆ ಮಗಳಿಗೆ ಒಂದು ಬಾಳೆಹಣ್ಣಾದ್ರೂ ತರದೆ ಮನೀಗೆ ಬಂದೋನಲ್ಲ ಬಿಡ್ರಿ" ಅಂತಾಳೆ ಅವ್ವ.

ಪ್ರೀತಿಗೆ ಇಲ್ಲಿ ಬರವಿಲ್ಲ ಸ್ವಾಮಿ. ಕೂಸು ಕೂರಲು ಹೊಗೆಯಿಲ್ಲದ ಜಾಗ ಇಲ್ಲ, ಅಷ್ಟೆ. ಹಳ್ಳಿಗಳಲ್ಲಿ ಉದ್ಯೋಗ ಖಾತರಿ ಕೆಲಸಕ್ಕೆ ಹೋಗುವ ತಾಯಂದಿರ ಮಕ್ಕಳಿಗೆಂದು 2023ರಲ್ಲಿ ಸರ್ಕಾರ 'ಕೂಸಿನ ಮನೆ' ಶುರು ಮಾಡಿತು. ಭಟ್ಟಿ ಬೀದಿಯ ತಾಯಂದಿರೂ ಕೂಲಿಯವರೇ ಅಲ್ಲವೇ? ಪಾಲಿಕೆಯವರು, ಭಟ್ಟಿ ಮಾಲೀಕರು ಒಂದು ದಿನ ಸಂಜೆ ಐದಕ್ಕೆ ಇತ್ತ ಬಂದು ನೋಡಲಿ. ಒಂದು ಕೋಣೆ, ಒಬ್ಬ ಆಯಾ ಸಾಕು.