ತೋರಿಸುವುದರಿಂದ ಎಚ್ಚರಿಸುವುದರವರೆಗೆ: ಡೇವಿಡ್ ಅಟೆನ್‌ಬರೋ

ವನ್ಯಜೀವಿಗಳ ಬದುಕನ್ನು ದೂರದರ್ಶನದ ಮೂಲಕ ಜನಸಾಮಾನ್ಯರ ಮನೆಗೆ ತಂದವರಲ್ಲಿ ಬ್ರಿಟನ್ನಿನ ಡೇವಿಡ್ ಅಟೆನ್‌ಬರೋ ಅಗ್ರಗಣ್ಯರು. 1926ರಲ್ಲಿ ಜನಿಸಿದ ಅವರು ಲೆಸ್ಟರ್ ನಗರದಲ್ಲಿ ಬೆಳೆದರು. ಸುತ್ತಲಿನ ಕಲ್ಲುಗಳಲ್ಲಿ ಪಳೆಯುಳಿಕೆಗಳನ್ನು ಹುಡುಕುವುದು ಅವರ ಬಾಲ್ಯದ ಹವ್ಯಾಸ. ಕೇಂಬ್ರಿಜ್‌ನಲ್ಲಿ ನಿಸರ್ಗ ವಿಜ್ಞಾನವನ್ನು ಅಭ್ಯಸಿಸಿ, 1952ರಲ್ಲಿ ಬಿಬಿಸಿಯನ್ನು ಸೇರಿದರು. ಅಲ್ಲಿಂದ ಮುಂದಿನ ಅವರ ವೃತ್ತಿಜೀವನದಲ್ಲಿ ಮೂರು ಘಟ್ಟಗಳನ್ನು ಗುರುತಿಸಬಹುದು.

ಮೊದಲನೆಯದು ಪ್ರಾಣಿಗಳನ್ನು ಹಿಡಿದು ತರುವ ಘಟ್ಟ. 1954ರಲ್ಲಿ ಆರಂಭವಾದ ‘ಝೂ ಕ್ವೆಸ್ಟ್’ ಮಾಲಿಕೆಯಲ್ಲಿ ದೂರದೇಶಗಳ ಪ್ರಾಣಿಗಳನ್ನು ಲಂಡನ್ ಮೃಗಾಲಯಕ್ಕಾಗಿ ಸಂಗ್ರಹಿಸುವುದನ್ನೇ ಚಿತ್ರಿಸಲಾಗುತ್ತಿತ್ತು. ನಿರೂಪಿಸಬೇಕಾಗಿದ್ದ ಮೃಗಾಲಯದ ಜ್ಯಾಕ್ ಲೆಸ್ಟರ್ ಅಸ್ವಸ್ಥರಾದ ಕಾರಣ, ತೆರೆಯ ಹಿಂದಿದ್ದ ಅಟೆನ್‌ಬರೋ ತೆರೆಯ ಮುಂದೆ ಬಂದರು. 1965ರಲ್ಲಿ ಬಿಬಿಸಿಯ ಎರಡನೆಯ ವಾಹಿನಿಯ ಮುಖ್ಯಸ್ಥರಾದರು. 1967ರಲ್ಲಿ ಆ ವಾಹಿನಿಯಲ್ಲಿ ವರ್ಣಪ್ರಸಾರ ಆರಂಭವಾಯಿತು. ಆದರೆ ಆಡಳಿತದ ಉನ್ನತ ಹುದ್ದೆಯನ್ನು ತೊರೆದು ಅವರು ಮತ್ತೆ ಕಾಡಿನತ್ತ ಹೊರಟರು.

ಎರಡನೆಯದು ತೋರಿಸಿ ವಿವರಿಸುವ ಘಟ್ಟ. ಜೀವವಿಕಾಸದ ಕಥೆಯನ್ನು 13 ಕಂತುಗಳಲ್ಲಿ ಹೇಳಿದ ‘ಲೈಫ್ ಆನ್ ಅರ್ಥ್’ 1979ರಲ್ಲಿ ಪ್ರಸಾರವಾಯಿತು. ರುವಾಂಡದ ಗೊರಿಲ್ಲಾಗಳ ನಡುವೆ ಕುಳಿತು ಹೆಬ್ಬೆರಳಿನ ರಚನೆಯನ್ನು ವಿವರಿಸಬೇಕೆಂದು ಅವರು ಯೋಚಿಸಿದ್ದರು. ಆದರೆ ಅವು ತೀರ ಸಮೀಪಕ್ಕೆ ಬಂದಾಗ ಆ ಪಾಠವನ್ನು ಬಿಟ್ಟು, ಮನುಷ್ಯ ಮತ್ತು ಗೊರಿಲ್ಲಾಗಳ ನೋಟದಲ್ಲಿ ವಿನಿಮಯವಾಗುವ ಅರಿವಿನ ಬಗ್ಗೆ ಪಿಸುದನಿಯಲ್ಲಿ ಮಾತನಾಡಿದರು. ಕಣ್ಣಿಗೆ ಕಾಣುವುದನ್ನು ಮತ್ತೆ ಹೇಳದೆ, ಕಾಣದ ಸಂಬಂಧವನ್ನು ಮಾತ್ರ ಮಿತವಾಗಿ ನುಡಿಯುವುದು ಅವರ ನಿರೂಪಣೆಯ ಗುಣ.

ಈ ಸಂಯಮವೇ ಮುಂದೆ ಆಕ್ಷೇಪಕ್ಕೂ ಕಾರಣವಾಯಿತು. ಚೆಲುವಾದ ಕಾಡನ್ನಷ್ಟೇ ತೋರಿಸಿದರೆ ಅದು ಅಳಿಯುತ್ತಿರುವುದು ನೋಡುಗರಿಗೆ ತಿಳಿಯುವುದೇ ಎಂದು ವಿಮರ್ಶಕರು ಕೇಳಿದರು. ಅಕ್ಕರೆ ಮೂಡದೆ ಕಾಳಜಿ ಹುಟ್ಟದು ಎಂಬುದು ಅಟೆನ್‌ಬರೋ ಅವರ ನಿಲುವು. ಎರಡರಲ್ಲೂ ಸತ್ಯವಿದೆ. ವರ್ಷಗಳು ಕಳೆದಂತೆ ಅವರ ದನಿಯೂ ಬದಲಾಯಿತು; ಇದು ಮೂರನೆಯ ಘಟ್ಟ. 2017ರ ‘ಬ್ಲೂ ಪ್ಲಾನೆಟ್ 2’ ಕಡಲನ್ನು ಸೇರುವ ಪ್ಲಾಸ್ಟಿಕ್ಕಿನ ಹಾನಿಯನ್ನು ನೇರವಾಗಿ ತೋರಿಸಿತು. 2021ರಲ್ಲಿ ಗ್ಲಾಸ್ಗೋದ ಹವಾಮಾನ ಸಮ್ಮೇಳನದಲ್ಲಿ ಅವರು ರಾಷ್ಟ್ರನಾಯಕರನ್ನೇ ಉದ್ದೇಶಿಸಿ ಮಾತನಾಡಿದರು.

ಕನ್ನಡ ನಾಡಿಗೂ ಅವರ ದನಿ ತಲುಪಿದೆ. ಅಮೋಘವರ್ಷ ಮತ್ತು ಕಲ್ಯಾಣ್ ವರ್ಮ ನಿರ್ದೇಶಿಸಿದ ‘ವೈಲ್ಡ್ ಕರ್ನಾಟಕ’ ಸಾಕ್ಷ್ಯಚಿತ್ರದ ಇಂಗ್ಲಿಷ್ ನಿರೂಪಣೆ ಅವರದು. ಅದಕ್ಕೆ ರಾಷ್ಟ್ರೀಯ ಪ್ರಶಸ್ತಿಯೂ ಸಂದಿತು. ಕನ್ನಡದಲ್ಲಿ ರಿಷಬ್ ಶೆಟ್ಟಿ ದನಿ ನೀಡಿದರು. ಚಿತ್ರ ಒಂದೇ ಆದರೂ ನುಡಿ ಬದಲಾದಾಗ ಕಾಡು ಬೇರೆಯಾಗಿ ಕೇಳಿಸುತ್ತದೆ. ಬಂಡೀಪುರದ ಆನೆ ವಯನಾಡಿಗೂ ನೀಲಗಿರಿಗೂ ಗಡಿಯ ಅರಿವಿಲ್ಲದೆ ನಡೆಯುತ್ತದೆ. ಆ ಹಾದಿಯ ಹಳ್ಳಿಗಳಲ್ಲಿ ಕನ್ನಡವೂ ಇದೆ. ಬಿ.ಜಿ.ಎಲ್. ಸ್ವಾಮಿ, ಪೂರ್ಣಚಂದ್ರ ತೇಜಸ್ವಿ ಅವರು ನಿಸರ್ಗದ ಅರಿವನ್ನು ಸಾಹಿತ್ಯವಾಗಿಸಿದ ಈ ನುಡಿಯಲ್ಲಿ, ನಮ್ಮ ಸುತ್ತಲಿನ ಕಾಡನ್ನು ವಿವರಿಸಬಲ್ಲ ಹೊಸ ನಿರೂಪಕರಿಗೆ ಇನ್ನೂ ಬೇಕಾದಷ್ಟು ಕೆಲಸವಿದೆ.