ಮೃದು ಯಂತ್ರಗಳೂ ಮರಗಟ್ಟಿದ ಕೈಯೂ

ಪಕ್ಷಾಘಾತವಾಗಿ ಕೆಲವು ತಿಂಗಳು ಕಳೆದ ರೋಗಿಗಳಲ್ಲಿ ಅನೇಕರ ಕೈ ಒಂದೇ ರೀತಿಯಾಗಿ ಬದಲಾಗುತ್ತದೆ. ಮೊದಲು ಸಡಿಲವಾಗಿ ಜೋತುಬಿದ್ದಿದ್ದ ಬೆರಳುಗಳು ಕ್ರಮೇಣ ಒಳಕ್ಕೆ ಮಡಚಿ ಮುಷ್ಟಿಯಾಗಿ ಬಿಗಿದುಕೊಳ್ಳುತ್ತವೆ. ಅವನ್ನು ದಿನಕ್ಕೆ ಹಲವು ಬಾರಿ ಬಿಡಿಸಿ ಮಡಚುವ ಅಭ್ಯಾಸ ನಡೆಯಬೇಕು. ಈ ಕೆಲಸವನ್ನು ಯಂತ್ರವೊಂದು ಮಾಡಬಾರದೇ ಎಂದು ನನ್ನನ್ನು ಕೇಳಿದವರುಂಟು. ಮಾಡಬಹುದು, ಆದರೆ ಆ ಯಂತ್ರ ಯಾವ ದ್ರವ್ಯದಿಂದ ಆಗಿದೆ ಎಂಬುದೇ ಮುಖ್ಯ. ಸ್ಪರ್ಶಜ್ಞಾನ ಕುಂದಿದ ಚರ್ಮವನ್ನು ಗಟ್ಟಿ ಪಟ್ಟಿಯೊಂದು ಒತ್ತುತ್ತಿದ್ದರೂ ರೋಗಿಗೆ ನೋವು ತಿಳಿಯದು. ಸಂಜೆ ಬಿಚ್ಚಿ ನೋಡುವಾಗ ಅಲ್ಲಿ ಹುಣ್ಣಾಗಿರುತ್ತದೆ.

ದ್ರವ್ಯಗಳನ್ನು ಅರಿಯಲು ಆಯುರ್ವೇದ ಹೇಳಿದ ಇಪ್ಪತ್ತು ಗುಣಗಳಲ್ಲಿ ಮೃದು–ಕಠಿಣ ಎಂಬುದೊಂದು ಜೋಡಿ. ಎಂಜಿನಿಯರುಗಳಾದರೋ, ಎಳೆತಕ್ಕೆ ವಸ್ತು ಒಡ್ಡುವ ಪ್ರತಿರೋಧವನ್ನು ಅಂಕಿಗಳಲ್ಲಿ ಅಳೆಯುತ್ತಾರೆ. ಉಕ್ಕಿಗೆ ಅದು ಸುಮಾರು 200 ಗಿಗಾಪಾಸ್ಕಲ್. ಮೃದುವಾದ ಸಿಲಿಕೋನ್ ರಬ್ಬರಿಗೆ ಒಂದು ಮೆಗಾಪಾಸ್ಕಲ್ ಅಥವಾ ಅದಕ್ಕೂ ಕಡಿಮೆ. ಎರಡು ಲಕ್ಷ ಪಟ್ಟಿಗೂ ಮಿಕ್ಕ ಅಂತರವಿದು. ನಮ್ಮ ಚರ್ಮ, ಮಾಂಸಗಳು ಉಕ್ಕಿಗಿಂತ ರಬ್ಬರಿಗೇ ಬಹಳ ಹತ್ತಿರದವು. ದೇಹವನ್ನು ಮುಟ್ಟುವ ರೋಬಾಟ್ ದೇಹದಷ್ಟೇ ಮೃದುವಾಗಿರಲಿ ಎಂಬ ವಿಚಾರ ಹುಟ್ಟಿದ್ದು ಇಲ್ಲಿಂದ.

ಇದರ ಮೂಲದಲ್ಲಿ ಒಬ್ಬ ತಂದೆಯ ಸಂಕಟವೂ ಇದೆ. ಅಮೆರಿಕದ ಭೌತವಿಜ್ಞಾನಿ ಜೋಸೆಫ್ ಮೆಕಿಬೆನ್ ಮೊದಲ ಅಣುಬಾಂಬಿನ ಯೋಜನೆಯಲ್ಲಿ ದುಡಿದವರು. 1950ರ ದಶಕದಲ್ಲಿ ಅವರ ಮಗಳು ಪೋಲಿಯೋಗೆ ತುತ್ತಾಗಿ ಕೈಗಳ ಬಲ ಕಳೆದುಕೊಂಡಳು. ಅವಳ ಬೆರಳುಗಳನ್ನು ಆಡಿಸಲು ಅವರು ರಬ್ಬರ್ ನಳಿಕೆಯೊಂದಕ್ಕೆ ಹೆಣೆದ ಜಾಲರಿಯ ತೋಳು ತೊಡಿಸಿದರು. ಒಳಗೆ ಅನಿಲ ತುಂಬಿದರೆ ನಳಿಕೆ ಉಬ್ಬುತ್ತದೆ. ಜಾಲರಿಯ ಎಳೆಗಳು ಹಿಗ್ಗಲಾರವಾದ್ದರಿಂದ ದಪ್ಪವಾದಷ್ಟೂ ಉದ್ದ ಕುಗ್ಗುತ್ತದೆ. ನಮ್ಮ ತೋಳಿನ ಮಾಂಸಖಂಡ ಮಾಡುವುದೂ ಹೀಗೆಯೇ: ಉಬ್ಬುತ್ತಾ ಗಿಡ್ಡವಾಗುವುದು.

ಇಂದಿನ ಮೃದು ಬೆರಳು ಇದರ ಸೋದರ ಸಂಬಂಧಿ. ಎರಡು ದ್ರವಗಳನ್ನು ಬೆರೆಸಿ ಅಚ್ಚಿಗೆ ಸುರಿದರೆ ಕೆಲವು ಗಂಟೆಗಳಲ್ಲಿ ಅದು ಸಿಲಿಕೋನ್ ರಬ್ಬರಾಗಿ ಗಟ್ಟಿಯಾಗುತ್ತದೆ. ಮೂತ್ರನಾಳಕ್ಕೆ ಹಾಕುವ ಕೆಲವು ನಳಿಕೆಗಳೂ ಮಗುವಿನ ಹಾಲಿನ ಬಾಟಲಿಯ ತೊಟ್ಟೂ ಇದೇ ಜಾತಿಯ ವಸ್ತುವಿನವು. ಒಳಗೆ ಗಾಳಿಯ ಕೋಣೆಗಳನ್ನು ಬಿಟ್ಟು, ಒಂದು ಮಗ್ಗುಲಿಗೆ ಮಾತ್ರ ಹಿಗ್ಗದ ಬಟ್ಟೆಯನ್ನೋ ಕಾಗದವನ್ನೋ ಅಂಟಿಸುತ್ತಾರೆ. ಗಾಳಿ ತುಂಬಿದಾಗ ಹಿಗ್ಗಬಲ್ಲ ಮಗ್ಗುಲು ಉದ್ದವಾಗುತ್ತದೆ, ಹಿಗ್ಗಲಾರದ್ದು ಹಾಗೆಯೇ ಉಳಿಯುತ್ತದೆ, ಬೆರಳು ಬಾಗುತ್ತದೆ. ಕೀಲೂ ಇಲ್ಲ, ಮೂಳೆಯೂ ಇಲ್ಲ. ಹಾರ್ವರ್ಡ್ ವಿಶ್ವವಿದ್ಯಾಲಯದ ಸಂಶೋಧಕರು 2015ರಲ್ಲಿ ಪ್ರಕಟಿಸಿದ ಕೈಗವಸಿನಲ್ಲಿ ಇಂತಹ ನಳಿಕೆಗಳು ಬೆರಳುಗಳ ಬೆನ್ನ ಮೇಲೆ ಕೂರುತ್ತವೆ. ಸೊಂಟದ ಪಟ್ಟಿಯಲ್ಲಿರುವ ಪಂಪು ನೀರನ್ನೊತ್ತಿದಾಗ ರೋಗಿಯ ಬೆರಳು ಅವುಗಳೊಡನೆ ಮಡಚುತ್ತದೆ.

ಮೃದುವಾಗಿದ್ದರಷ್ಟೇ ಸಾಲದು, ಬೇಕೆಂದಾಗ ಗಟ್ಟಿಯೂ ಆಗಬೇಕು. ಇದಕ್ಕೆ 2010ರಲ್ಲಿ ಅಮೆರಿಕದ ಸಂಶೋಧಕರು ಬಳಸಿದ್ದು ರಬ್ಬರ್ ಬಲೂನಿನೊಳಗೆ ಕಾಫಿಪುಡಿ! ಗಾಳಿ ಹೀರಿ ಮುಚ್ಚಿದ ಕಾಫಿಪುಡಿಯ ಪೊಟ್ಟಣ ಇಟ್ಟಿಗೆಯಂತಿದ್ದು, ಕತ್ತರಿಸಿದೊಡನೆ ಸಡಿಲವಾಗುವುದನ್ನು ನಮ್ಮ ತಾಯಂದಿರು ದಿನವೂ ಕಾಣುತ್ತಾರೆ. ಬಲೂನನ್ನು ವಸ್ತುವಿನ ಮೇಲೊತ್ತಿ ಗಾಳಿ ಹೀರಿದರೆ ಅದು ವಸ್ತುವಿನ ಆಕಾರಕ್ಕೇ ಬಿಗಿದು ಹಿಡಿಯುತ್ತದೆ. ಇನ್ನು ಸ್ಪರ್ಶ ತಿಳಿಯಲು ರಬ್ಬರಿನೊಳಗಿನ ಸಣ್ಣ ಕಾಲುವೆಗಳಲ್ಲಿ ಗ್ಯಾಲಿಯಂ–ಇಂಡಿಯಂ ಮಿಶ್ರಲೋಹವನ್ನು ತುಂಬುತ್ತಾರೆ. ಪಾರದದಂತೆ ಇದೂ ಸಾಮಾನ್ಯ ಉಷ್ಣತೆಯಲ್ಲಿ ದ್ರವವೇ, ಆದರೆ ಪಾರದದಷ್ಟು ವಿಷಕಾರಿಯಲ್ಲ. ಎಳೆದಾಗ ಕಾಲುವೆ ಸಣ್ಣದಾಗಿ ವಿದ್ಯುತ್ತಿನ ಹರಿವು ಕುಗ್ಗುವುದರಿಂದ ಎಳೆತದ ಪ್ರಮಾಣ ತಿಳಿಯುತ್ತದೆ.

ನನಗೆ ಅತ್ಯಂತ ಅಚ್ಚರಿಯೆನಿಸಿದ್ದು ಹೃದಯಕ್ಕೆ ತೊಡಿಸುವ ಕವಚ. ಎಲೆನ್ ರೋಚ್ ಮತ್ತು ಸಂಗಡಿಗರು 2017ರಲ್ಲಿ ಅದನ್ನು ಹಂದಿಗಳಲ್ಲಿ ಪರೀಕ್ಷಿಸಿದ ವರದಿ ಪ್ರಕಟಿಸಿದರು. ದುರ್ಬಲ ಹೃದಯಕ್ಕೆ ಅಳವಡಿಸುವ ಪಂಪುಗಳ ಮೂಲಕ ರಕ್ತವೇ ಹರಿಯುವುದರಿಂದ ಅದು ಹೆಪ್ಪುಗಟ್ಟದಂತೆ ಔಷಧ ಬೇಕಾಗುತ್ತದೆ. ಈ ಸಿಲಿಕೋನ್ ಕವಚ ಹೊರಗಿನಿಂದಲೇ ಹೃದಯದ ಲಯಕ್ಕೆ ಸರಿಯಾಗಿ ಹಿಂಡುತ್ತದೆ, ತಿರುಚುತ್ತದೆ. ರಕ್ತವನ್ನು ಮುಟ್ಟುವುದೇ ಇಲ್ಲ.

ದೋಷಗಳನ್ನೂ ಹೇಳಬೇಕು. ರಬ್ಬರು ಸಾವಿರಾರು ಬಾರಿ ಹಿಗ್ಗಿ ಕುಗ್ಗಿ ಸೀಳುತ್ತದೆ, ಸಣ್ಣ ರಂಧ್ರವಾದರೂ ಬಲವೆಲ್ಲ ಸೋರಿಹೋಗುತ್ತದೆ, ಪಂಪಿನ ಭಾರ ಬೇರೆ. ಯಾರಾದರೂ ಇಂತಹ ಕೈಗವಸು ಪಕ್ಷಾಘಾತವನ್ನು ಗುಣಪಡಿಸುತ್ತದೆಂದು ಮಾರಲು ಬಂದರೆ ನಂಬಬೇಡಿ. ಅದು ಅಭ್ಯಾಸಕ್ಕೆ ನೆರವಾಗುವ ಸಾಧನ ಮಾತ್ರ.

ಮನೆಯಲ್ಲಿ ಅಂತಹ ರೋಗಿಯಿದ್ದರೆ ಬಿಗಿದ ಬೆರಳುಗಳನ್ನು ತುದಿ ಹಿಡಿದು ಬಲವಾಗಿ ಎಳೆಯಬಾರದು. ಮೊದಲು ಮಣಿಕಟ್ಟನ್ನು ಮೆಲ್ಲನೆ ಅಂಗೈಯ ಕಡೆಗೆ ಬಾಗಿಸಿ. ಬೆರಳು ಮಡಚುವ ಸ್ನಾಯುರಜ್ಜುಗಳು ಮಣಿಕಟ್ಟನ್ನು ದಾಟಿ ಹೋಗುವುದರಿಂದ ಆಗ ಅವು ಸಡಿಲಗೊಂಡು ಬೆರಳುಗಳು ಸುಲಭವಾಗಿ ಬಿಚ್ಚುತ್ತವೆ. ಬಿಚ್ಚಿದ ಮೇಲೆ ಅಂಗೈ ತೊಳೆದು, ಒರೆಸಿ, ಉಗುರಿನ ಗಾಯವಿದೆಯೇ ಎಂದು ನೋಡಿರಿ.