ಹತ್ತು ಕೈ, ಒಂದು ಸಾವು: ಗುಂಪು ಹಲ್ಲೆಯ ಕೊಲೆಗಳಲ್ಲಿ ಮೇಲ್ಮನವಿ

ಹೊಲದ ಬದುವಿಗೋ, ಜಾತ್ರೆಯ ಮರ್ಯಾದೆಗೋ, ಪಂಚಾಯಿತಿ ಚುನಾವಣೆಯ ಹಗೆಗೋ ಹತ್ತು ಜನ ಸೇರಿ ಒಬ್ಬನ ಮೇಲೆ ಬೀಳುತ್ತಾರೆ. ಒಬ್ಬನ ಕೈಯಲ್ಲಿ ಮಚ್ಚು, ನಾಲ್ವರ ಕೈಯಲ್ಲಿ ದೊಣ್ಣೆ, ಉಳಿದವರದು ಬರಿಗೈ. ಪ್ರಾಣ ತೆಗೆದದ್ದು ತಲೆಗೆ ಬಿದ್ದ ಒಂದೇ ಏಟು. ಹಾಗಾದರೆ ಕೊಲೆ ಮಾಡಿದವರು ಎಷ್ಟು ಮಂದಿ? ಸೆಷನ್ಸ್ ನ್ಯಾಯಾಲಯ ಇದಕ್ಕೊಂದು ಉತ್ತರ ಕೊಟ್ಟಿರುತ್ತದೆ. ಆ ಉತ್ತರ ಸರಿಯೇ ಎಂದು ಮೇಲಿನ ನ್ಯಾಯಾಲಯ ಪುನಃ ತೂಗಿ ನೋಡುವುದೇ ಮೇಲ್ಮನವಿ.

ಭಾರತೀಯ ದಂಡ ಸಂಹಿತೆಯ 149ನೇ ಕಲಮು, ಅಂದರೆ 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 190ನೇ ಕಲಮು, ಇಂಥ ಪ್ರಕರಣಗಳ ಬೆನ್ನೆಲುಬು. ಐವರು ಅಥವಾ ಹೆಚ್ಚು ಜನರ ಅಕ್ರಮ ಕೂಟದಲ್ಲಿ ಒಬ್ಬ ಎಸಗಿದ ಅಪರಾಧಕ್ಕೆ ಕೂಟದ ಎಲ್ಲರೂ ಹೊಣೆ. ಆದರೆ ಆ ಅಪರಾಧ ಕೂಟದ ಸಮಾನ ಉದ್ದೇಶಕ್ಕಾಗಿ ನಡೆದಿರಬೇಕು, ಇಲ್ಲವೇ ಅಂಥದು ನಡೆದೀತೆಂದು ಕೂಟದವರಿಗೆ ಗೊತ್ತಿರಬೇಕು. ಇದು ಸಾಬೀತಾದರೆ, ತಾನು ಕೈ ಎತ್ತಲಿಲ್ಲ ಎಂಬ ಮಾತು ಯಾರನ್ನೂ ಉಳಿಸುವುದಿಲ್ಲ. ಜಾತಿ, ಸಮುದಾಯ, ಭಾಷೆ, ಹುಟ್ಟಿದ ಸ್ಥಳದಂಥ ಕಾರಣಕ್ಕೆ ಐವರು ಅಥವಾ ಹೆಚ್ಚು ಜನ ಕೂಡಿ ಕೊಲೆ ಮಾಡಿದರೆ ಹೊಸ ಸಂಹಿತೆಯ 103(2) ಪ್ರತ್ಯೇಕವಾಗಿ ಅನ್ವಯಿಸುತ್ತದೆ. ಅದರಡಿ ಶಿಕ್ಷೆ ಮರಣದಂಡನೆ ಇಲ್ಲವೇ ಜೀವಾವಧಿ.

ಗದ್ದಲ ಕೇಳಿ ಓಡಿಬಂದವನೂ ಕೂಟದ ಸದಸ್ಯನೇ? ಈ ಪ್ರಶ್ನೆಗೆ ಇಂದಿಗೂ ನ್ಯಾಯಾಲಯಗಳು 1964ರ ಮಸಾಲ್ತಿ ತೀರ್ಪಿನತ್ತ ತಿರುಗುತ್ತವೆ. ಉತ್ತರ ಪ್ರದೇಶದ ಝಾನ್ಸಿ ಜಿಲ್ಲೆಯ ಹಳ್ಳಿಯೊಂದರಲ್ಲಿ 1961ರ ನವೆಂಬರ್ 29ರಂದು ಪಂಗಡಗಳ ಹಗೆಗೆ ಐವರು ಬಲಿಯಾದರು. ವಿಚಾರಣಾ ನ್ಯಾಯಾಲಯ 35 ಮಂದಿಯನ್ನು ತಪ್ಪಿತಸ್ಥರೆಂದಿತು, ಅವರಲ್ಲಿ ಹತ್ತು ಜನರಿಗೆ ಮರಣದಂಡನೆ. ಸುಪ್ರೀಂ ಕೋರ್ಟಿನಲ್ಲಿ ತೀರ್ಪು ಬರೆದವರು ಮುಖ್ಯ ನ್ಯಾಯಮೂರ್ತಿ ಪಿ. ಬಿ. ಗಜೇಂದ್ರಗಡ್ಕರ್. ಕೂಟದ ಸದಸ್ಯನೆಂದು ಸಾಬೀತಾದವನು ತಾನೇ ಹೊಡೆದಿರಬೇಕೆಂದಿಲ್ಲ, ಆದರೆ ಕುತೂಹಲಕ್ಕೆ ನಿಂತು ನೋಡಿದವನು ಸದಸ್ಯನಲ್ಲ ಎಂದು ಅವರು ಗೆರೆ ಎಳೆದರು. ದೊಡ್ಡ ಗುಂಪಿನ ಪ್ರಕರಣದಲ್ಲಿ ಒಬ್ಬ ಆರೋಪಿಯ ಬಗ್ಗೆ ಎರಡು ಮೂರು ಸಾಕ್ಷಿಗಳಾದರೂ ಹೊಂದಿಕೆಯಾಗುವಂತೆ ಹೇಳಿರಬೇಕೆಂಬ ಒರೆಗಲ್ಲನ್ನೂ ಆ ತೀರ್ಪು ಒಪ್ಪಿತು. ಇದು ಎಲ್ಲ ಕಾಲಕ್ಕೂ ಕಟ್ಟುನಿಟ್ಟಾದ ನಿಯಮವಲ್ಲ, ಎಚ್ಚರಿಕೆಯ ಮಾರ್ಗ.

ಸಂಖ್ಯೆಯ ಲೆಕ್ಕವೂ ಇದೆ. ಹೆಸರಿಸಿದ ಐವರಲ್ಲಿ ಇಬ್ಬರು ಸ್ಥಳದಲ್ಲೇ ಇರಲಿಲ್ಲವೆಂದು ಖುಲಾಸೆಯಾಗಿ, ಬೇರೆ ಯಾರೂ ಇದ್ದರೆಂಬುದಕ್ಕೆ ಪುರಾವೆ ಇಲ್ಲದಿದ್ದರೆ, ಉಳಿದ ಮೂವರ ಮೇಲೆ 149 ನಿಲ್ಲದು. ಆಗ ಉಳಿಯುವುದು 34ನೇ ಕಲಮು, ಈಗಿನ 3(5). ಅದಕ್ಕೆ ಇಬ್ಬರಿದ್ದರೂ ಸಾಕು, ಆದರೆ ಇಬ್ಬರ ಮನಸ್ಸೂ ಮೊದಲೇ ಒಂದಾಗಿರಬೇಕು. ಇಬ್ಬರಿಗೂ ಒಂದೇ ಬಗೆಯ ಉದ್ದೇಶ ಇದ್ದಮಾತ್ರಕ್ಕೆ ಅದು ಹಂಚಿಕೊಂಡ ಉದ್ದೇಶವಾಗದು ಎಂದು ಪ್ರಿವಿ ಕೌನ್ಸಿಲ್ 1945ರಲ್ಲೇ ಮೆಹಬೂಬ್ ಷಾ ಪ್ರಕರಣದಲ್ಲಿ ಹೇಳಿ, ಕೆಳಗಿನವರು ಮರಣದಂಡನೆ ಕೊಟ್ಟಿದ್ದವನನ್ನು ಕೊಲೆಯ ಆರೋಪದಿಂದ ಬಿಡಿಸಿತು.

ಮೇಲ್ಮನವಿಯಲ್ಲಿ ಸಾಮಾನ್ಯವಾಗಿ ಸಾಕ್ಷಿಗಳು ಮತ್ತೆ ಕಟಕಟೆ ಹತ್ತುವುದಿಲ್ಲ. ಹೈಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳ ಮುಂದಿರುವುದು ದಾಖಲೆ ಮಾತ್ರ: ಎಫ್‌ಐಆರ್, ಪಂಚನಾಮೆ, ಸಾಕ್ಷ್ಯ, ಪಾಟೀ ಸವಾಲು, ಮರಣೋತ್ತರ ಪರೀಕ್ಷೆಯ ವರದಿ. ಯಾರ ಕೈಯಲ್ಲಿ ಏನಿತ್ತು, ಏಟು ಎಲ್ಲಿಗೆ ಬಿತ್ತು ಎಂಬುದು ಮೊದಲ ದೂರಿನಲ್ಲೇ ಇದೆಯೇ? ಮಚ್ಚೆಂದು ಹೇಳಿದ ಕಡೆ ಹರಿತದ ಗಾಯವಿದೆಯೇ? ದೂರು ತಡವಾಗಿದ್ದರೆ ಕಾರಣ ಹೇಳಿದ್ದಾರೆಯೇ? ಆರೋಪಿಯ ಮೈಮೇಲೂ ದೊಡ್ಡ ಗಾಯಗಳಿದ್ದು ಅದನ್ನು ಯಾರೂ ವಿವರಿಸದಿದ್ದರೆ, ಜಗಳ ಶುರುವಾದ ಬಗೆಯ ಬಗ್ಗೆಯೇ ಅನುಮಾನ ಏಳುತ್ತದೆ. ಮುನ್ಸಂಚಿಲ್ಲದೆ ಹಠಾತ್ತಾಗಿ ಹೊತ್ತಿಕೊಂಡ ಹೊಡೆದಾಟ ಎಂದು ಕಂಡರೆ ಕೊಲೆಯ ಅಪರಾಧ ಕೊಲೆಯಲ್ಲದ ನರಹತ್ಯೆಯ ಕಲಮಿಗೆ ಇಳಿಯುತ್ತದೆ, ಜೀವಾವಧಿ ಕೆಲವು ವರ್ಷಗಳಿಗೆ ಇಳಿಯಬಹುದು.

ಸತ್ತವನ ಮನೆಯವರು ಇಲ್ಲಿ ಒಂದು ಮಾತನ್ನು ಮನಸ್ಸಿಗೆ ತಂದುಕೊಳ್ಳಬೇಕು. ಸಂಕಟ ಮತ್ತು ಸಿಟ್ಟಿನಲ್ಲಿ ಎದುರಾಳಿ ಮನೆಯ ಅಪ್ಪ, ಮಕ್ಕಳು, ಅಳಿಯ, ಊರಲ್ಲೇ ಇರದ ತಮ್ಮ, ಎಲ್ಲರ ಹೆಸರನ್ನೂ ಬರೆಸುವುದುಂಟು. ನಮ್ಮ ನ್ಯಾಯಾಲಯಗಳು ಒಂದು ಸುಳ್ಳು ಸಿಕ್ಕಿತೆಂದು ಇಡೀ ಸಾಕ್ಷ್ಯವನ್ನು ಎಸೆಯುವುದಿಲ್ಲ, ಜೊಳ್ಳು ತೂರಿ ಕಾಳು ಉಳಿಸಿಕೊಳ್ಳುತ್ತವೆ, ನಿಜ. ಬಂಧುಗಳೆಂಬ ಒಂದೇ ಕಾರಣಕ್ಕೆ ಸಾಕ್ಷಿಯನ್ನು ತಳ್ಳುವಂತಿಲ್ಲ ಎಂಬುದೂ 1953ರ ದಲೀಪ್ ಸಿಂಗ್ ತೀರ್ಪಿನಿಂದ ನೆಲೆಯಾಗಿದೆ. ಆದರೂ ಸೇಡಿಗೆ ಸೇರಿಸಿದ ಒಂದು ಹೆಸರು ನಿಜವಾದ ನಾಲ್ಕು ಹೆಸರುಗಳನ್ನು ಸಂದೇಹಕ್ಕೆ ದೂಡುತ್ತದೆ. ಹೀಗೆ ತಪ್ಪಿಸಿಕೊಳ್ಳುವವನು ಬಹುಪಾಲು ಹೊಡೆದವನೇ.

ಖುಲಾಸೆಯ ವಿರುದ್ಧದ ಮೇಲ್ಮನವಿ ಇನ್ನೂ ಕಡಿದಾದ ದಾರಿ. 2007ರಲ್ಲಿ ಚಂದ್ರಪ್ಪ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದರ ಸೂತ್ರಗಳನ್ನು ಒಂದೆಡೆ ಕೂಡಿಸಿತು. ಹೈಕೋರ್ಟು ಸಾಕ್ಷ್ಯವನ್ನೆಲ್ಲ ಹೊಸದಾಗಿ ಪರಿಶೀಲಿಸಬಹುದು. ಆದರೆ ಆರೋಪಿ ನಿರ್ದೋಷಿ ಎಂಬ ಭಾವನೆ ಖುಲಾಸೆಯಿಂದ ಇಮ್ಮಡಿಯಾಗಿರುತ್ತದೆ, ಎರಡು ಅಭಿಪ್ರಾಯಗಳಿಗೆ ಅವಕಾಶವಿದ್ದರೆ ಖುಲಾಸೆಯನ್ನು ಕದಲಿಸಬಾರದು. ಹೈಕೋರ್ಟು ಖುಲಾಸೆಯನ್ನು ತಿರುಗಿಸಿ ಮರಣದಂಡನೆ, ಜೀವಾವಧಿ ಅಥವಾ ಹತ್ತು ವರ್ಷಕ್ಕೆ ಕಡಿಮೆಯಿಲ್ಲದ ಸೆರೆ ವಿಧಿಸಿದರೆ ಸುಪ್ರೀಂ ಕೋರ್ಟಿಗೆ ಹೋಗುವುದು ಆರೋಪಿಯ ಹಕ್ಕು.

ಹಿಂದೆ ಖುಲಾಸೆಯಾದರೆ ಸರ್ಕಾರ ಮನಸ್ಸು ಮಾಡುವವರೆಗೂ ನೊಂದವರು ಕೈಕಟ್ಟಿ ಕೂರಬೇಕಿತ್ತು. 2009ರ ಡಿಸೆಂಬರ್ 31ರಿಂದ ಸಂತ್ರಸ್ತರಿಗೂ, ಅವರು ಸತ್ತಿದ್ದರೆ ವಾರಸುದಾರರಿಗೂ, ಮೇಲ್ಮನವಿಯ ಹಕ್ಕು ಬಂತು. ಖುಲಾಸೆಯಾದಾಗ, ಕಡಿಮೆ ಅಪರಾಧಕ್ಕೆ ಶಿಕ್ಷೆಯಾದಾಗ, ಪರಿಹಾರ ಸಾಲದಾದಾಗ ಅವರು ಮೇಲ್ಮನವಿ ಹಾಕಬಹುದು. ಈ ಹಕ್ಕಿಗೆ ಪೂರ್ತಿ ಬಲ ಬಂದದ್ದು ನಮ್ಮ ಬಾಗಲಕೋಟೆಯ ಹಲ್ಲೆ ಪ್ರಕರಣವೊಂದರಿಂದ. ಘಟನೆ 2009ರ ಫೆಬ್ರವರಿಯದು, ಖುಲಾಸೆ 2013ರದು. ಹಕ್ಕು ಘಟನೆಯ ನಂತರ ಬಂದದ್ದೆಂಬ ಕಾರಣಕ್ಕೆ ಹೈಕೋರ್ಟಿನಲ್ಲಿ ಬಾಗಿಲು ಮುಚ್ಚಿತು. 2018ರ ಅಕ್ಟೋಬರ್ 12ರಂದು ಸುಪ್ರೀಂ ಕೋರ್ಟು ಬಹುಮತದಿಂದ ಆ ಬಾಗಿಲು ತೆರೆಯಿತು: ಲೆಕ್ಕಕ್ಕೆ ಬರುವುದು ತೀರ್ಪಿನ ದಿನ, ಮತ್ತು ಸಂತ್ರಸ್ತರು ಮೇಲ್ಮನವಿಗೆ ಮುಂಚೆ ಹೈಕೋರ್ಟಿನ ವಿಶೇಷ ಅನುಮತಿ ಬೇಡಬೇಕಾಗಿಲ್ಲ.

ಶಿಕ್ಷೆಯಾದವರು ಹೈಕೋರ್ಟಿಗೆ 60 ದಿನಗಳಲ್ಲಿ, ಮರಣದಂಡನೆಯಾದರೆ 30 ದಿನಗಳಲ್ಲಿ ಮೇಲ್ಮನವಿ ಸಲ್ಲಿಸಬೇಕು. ಖುಲಾಸೆಯ ವಿರುದ್ಧ ಸರ್ಕಾರಕ್ಕೆ 90 ದಿನ. ನೊಂದ ಕುಟುಂಬದವರೂ ತೀರ್ಪು ಬಂದ ವಾರದಲ್ಲೇ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ. ವಕೀಲರಿಗೆ ಕೊಡಲು ದುಡ್ಡಿಲ್ಲವೆಂದು ಸುಮ್ಮನಾಗಬೇಡಿ: ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಬಂಧನದಲ್ಲಿರುವವರು ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವಿಗೆ ಅರ್ಹರು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿಗೆ ಹೋಗಿ, ಇಲ್ಲವೇ 15100ಕ್ಕೆ ಕರೆ ಮಾಡಿ.